ತಿರುಗಾಟದಲ್ಲಿ ಪಳಗಿದ ನಟ

"ಭಾವ, ಕಾಂತಾರದ ಆ ಒಡೆಯ ನಮ್ಮ ಹೆಗ್ಗೋಡಿನವನಂತೆ, ಹೌದಾ?" ಅಂತ ಬೇಲಿಯಾಚೆಯಿಂದ ಕೇಳಿದಿರಲ್ಲ, ಹೇಳ್ತೇನೆ ಕೇಳಿ. ಕಾಂತಾರ ಸಿನಿಮಾದಲ್ಲಿ ಆ ಒಡೆಯನ ಪಾತ್ರ ಮಾಡಿದ ಅಚ್ಯುತ್ ಕುಮಾರ್ ಅವರ ಊರು ತಿಪಟೂರು. ಆದರೆ ನಾಟಕ ಕಲಿತದ್ದು ಹೆಗ್ಗೋಡಿನ ನೀನಾಸಮ್‌ನಲ್ಲಿ, ಆಮೇಲೆ ಅಲೆದದ್ದು ಅಲ್ಲಿಯದೇ ತಿರುಗಾಟದ ತಂಡದಲ್ಲಿ. ಹಾಗಾಗಿ ನಮ್ಮವರು ಅಂದರೆ ತಪ್ಪೇನಿಲ್ಲ.

ಸಾಗರದಲ್ಲಿ ಹುಟ್ಟಿ ತೀರ್ಥಹಳ್ಳಿಯಲ್ಲಿ ಬೆಳೆದ ದಿಗಂತ್ ಸಿನಿಮಾಕ್ಕೆ ಹೋದಾಗ ನಾವೆಲ್ಲ ಹೆಮ್ಮೆಪಟ್ಟೆವು. ಹೊರಗಿಂದ ಇಲ್ಲಿಗೆ ಬಂದು, ಇಲ್ಲಿ ಕಲಿತು ಹೋದವರ ಬಗ್ಗೆಯೂ ಅಷ್ಟೇ ಹೆಮ್ಮೆ ಪಡಬೇಕು ಅಂತ ನನಗೆ ಕಾಣ್ತದೆ. ಯಾಕೆ ಅಂದ್ರೆ ಅವರನ್ನು ತಯಾರು ಮಾಡಿದ್ದು ನಮ್ಮೂರಿನ ಸಂಸ್ಥೆ. ನೀನಾಸಮ್ ಶುರುವಾದದ್ದು 1949ರಲ್ಲಿ. ಕೆ.ವಿ. ಸುಬ್ಬಣ್ಣನವರು 1980ರಲ್ಲಿ ರಂಗಶಿಕ್ಷಣ ಕೇಂದ್ರ ಕಟ್ಟಿದರು, 1985ರಲ್ಲಿ ತಿರುಗಾಟ ಹೊರಡಿಸಿದರು. ಅಡಿಕೆ ತೋಟದ ಮಧ್ಯದ ಆ ಊರಲ್ಲಿ ರೇ, ಕುರೊಸಾವಾ ಅವರ ಸಿನಿಮಾಗಳನ್ನೂ ತೋರಿಸಿದರು. 1991ರಲ್ಲಿ ಮ್ಯಾಗ್ಸೆಸೆ ಪ್ರಶಸ್ತಿ ಹೆಗ್ಗೋಡನ್ನು ಹುಡುಕಿಕೊಂಡು ಬಂದದ್ದು ಸುಮ್ಮನೆ ಅಲ್ಲ.

ತಿರುಗಾಟ ಅಂದ್ರೆ ಎಂತ ಅಂತ ನಿಮಗೆ ಗೊತ್ತುಂಟಲ್ಲ? ಮಳೆಗಾಲ ಮುಗಿದ ಮೇಲೆ ಹೊರಟರೆ ತಿಂಗಳುಗಟ್ಟಲೆ ಊರೂರು ಸುತ್ತುವುದು. ರಂಗಸಜ್ಜಿಕೆ ಇಳಿಸುವುದು, ಕಟ್ಟುವುದು, ಬಣ್ಣ ಹಚ್ಚಿ ಕುಣಿಯುವುದು, ಆಟ ಮುಗಿದ ಮೇಲೆ ಬಿಚ್ಚಿ ಮತ್ತೆ ಗಾಡಿಗೆ ತುಂಬುವುದು, ಎಲ್ಲ ನಟರದೇ ಕೆಲಸ. ಇವತ್ತಿನ ನಾಟಕದಲ್ಲಿ ರಾಜ ಆದವನು ನಾಳೆಯದರಲ್ಲಿ ದೂತ. ಅಂಥಲ್ಲಿ ಪಳಗಿದವನಿಗೆ ಸಣ್ಣ ಪಾತ್ರ ಅಂತ ಒಂದಿರುವುದಿಲ್ಲ ಭಾವ.

ಅಚ್ಯುತ್ ಅವರ ಸಿನಿಮಾಗಳನ್ನು ಈ ಕಣ್ಣಿಂದ ನೋಡಿ. 2013ರ ಲೂಸಿಯಾದಲ್ಲಿ ಅವರು ಹಳೇ ಟಾಕೀಸಿನ ಯಜಮಾನ ಶಂಕರಣ್ಣ. ಅದೇ ಟಾಕೀಸಿನಲ್ಲಿ ಟಾರ್ಚ್ ಬಿಡುವ ಹುಡುಗನಾಗಿದ್ದವರು ಸತೀಶ್. ಅವರೂ ಹೆಗ್ಗೋಡಿನಲ್ಲೇ ಕಲಿತವರು, ಹೆಸರಿನ ಜತೆಗೇ ನೀನಾಸಂ ಅಂತ ಸೇರಿಸಿಕೊಂಡವರು. ಕೆಜಿಎಫ್‌ನಲ್ಲಿ ಅಚ್ಯುತ್ ರಾಜಕಾರಣಿ ಗುರು ಪಾಂಡ್ಯನ್. 2022ರ ಕಾಂತಾರದಲ್ಲಿ ಒಡೆಯ ದೇವೇಂದ್ರ. ಆ ಒಡೆಯ ಬಹಳ ಹೊತ್ತು ದನಿ ಏರಿಸುವುದೇ ಇಲ್ಲ. ನಗ್ತಾನೆ, ಹೆಗಲ ಮೇಲೆ ಕೈ ಹಾಕಿದ ಹಾಗೆ ಮಾತಾಡ್ತಾನೆ. ಅದಕ್ಕೇ ಕೊನೆಗೆ ಅವನ ಒಳಗು ಗೊತ್ತಾದಾಗ ಹೆದರಿಕೆ ಆಗುವುದು. ಅಮರಾವತಿಯಲ್ಲಿ ಪೌರಕಾರ್ಮಿಕನಾಗಿ ಮಾಡಿದ್ದಕ್ಕೆ 2016ನೇ ಸಾಲಿನ ರಾಜ್ಯದ ಶ್ರೇಷ್ಠ ನಟ ಪ್ರಶಸ್ತಿ ಬಂತು. ಎದುರಿನವರ ಮಾತನ್ನು ನಿಜವಾಗಿ ಕೇಳಿಸಿಕೊಂಡು ಉತ್ತರ ಕೊಡುವ ನಟ ಅವರು. ಆ ಗುಣ ರಂಗದಲ್ಲೇ ಬಂದದ್ದು ಅನ್ನುವುದರಲ್ಲಿ ನನಗೆ ಸಂಶಯ ಇಲ್ಲ.

ಹೀಗೆ ರಂಗದಲ್ಲಿ ಪಳಗಿ ಸಿನಿಮಾಕ್ಕೆ ಹೋದವರು ನಮ್ಮಲ್ಲಿ ಮಾತ್ರ ಅಲ್ಲ, ದೂರದ ಝೆಕ್ ದೇಶದಲ್ಲೂ ರುಡಾಲ್ಫ್ ಹ್ರುಷಿನ್ಸ್ಕಿ ಅಂತ ಒಬ್ಬ ಮಹಾನಟ ಇದ್ದರು. ಊರೂರು ತಿರುಗುವ ನಾಟಕ ಕಂಪನಿಯ ಕುಟುಂಬದಲ್ಲೇ 1920ರಲ್ಲಿ ಹುಟ್ಟಿದವರು. ಸಿನಿಮಾದಲ್ಲಿ ಸೈನಿಕ ಶ್ವೇಯ್ಕ್ ಆಗಿ ದೇಶದ ಮನೆಮಾತಾದ ಮೇಲೂ ಪ್ರಾಗ್‌ನ ರಾಷ್ಟ್ರೀಯ ರಂಗಮಂದಿರದಲ್ಲಿ ನಾಟಕ ಮಾಡ್ತಾ ಬಂದರು. ಅಲ್ಲಿಯ ಜನ ತಮ್ಮ ನಟರನ್ನು ಪರದೆ ಮೇಲೂ ನೋಡಿದರು, ರಂಗದ ಮೇಲೂ ಹೋಗಿ ನೋಡಿದರು.

ನಾವೂ ಹಾಗೆ ಮಾಡಬೇಕು ಭಾವ. ಇವತ್ತು ತಿರುಗಾಟದಲ್ಲಿ ದೂತನ ಪಾತ್ರ ಮಾಡ್ತಿರುವ ಯಾವ ಹುಡುಗ, ಯಾವ ಹುಡುಗಿ ನಾಳೆ ಎಷ್ಟು ದೊಡ್ಡ ನಟರಾಗ್ತಾರೋ ಯಾರಿಗೆ ಗೊತ್ತು? ಈ ಸಲ ಸಾಗರಕ್ಕೋ ಹೊಸನಗರಕ್ಕೋ ತೀರ್ಥಹಳ್ಳಿಗೋ ತಂಡ ಬಂದಾಗ ಮನೆಮಂದಿಯನ್ನೆಲ್ಲ ಕರ್ಕೊಂಡು, ಟಿಕೆಟ್ ತಗೊಂಡೇ ಹೋಗಿ ನೋಡಿ.