ಗಾಡಿ ಬಿಡಿಸುವ ಕಾಕಾ

ಗಲಗಲಿಯಲ್ಲಿ ಯಾರದಾದರೂ ಬೈಕು ಸೆರೆ ಬಾಕ್ಸಿನ ಸಮೇತ ಸಿಕ್ಕಿಬಿತ್ತೆಂದರೆ, ಮನೆಯವರಿಗಿಂತ ಮೊದಲು ಸುದ್ದಿ ಮುಟ್ಟುವುದು ಕಾಕಾನಿಗೆ. ಊರವರೆಲ್ಲ "ಯಾರ್ ಸಿಕ್ರು?" ಎಂದು ಕೇಳುವಾಗ ಅವನೊಬ್ಬ ಮಾತ್ರ, "ಗಾಡಿ ಯಾರ ಹೆಸರ್ಲೆ ಐತಿ?" ಎನ್ನುತ್ತಾನೆ.

ಧೋತರ, ಗಾಂಧಿ ಟೊಪಗಿ, ಕಂಕುಳಲ್ಲಿ ರೆಕ್ಸಿನ್ ಚೀಲ. ಅದರೊಳಗೆ ಬಾಂಡ್ ಪೇಪರು, ಕೋರ್ಟ್ ಫೀ ಸ್ಟ್ಯಾಂಪು, ಜಾಮೀನಿಗೆ ನಿಲ್ಲುವವರ ಉತಾರದ ಝೆರಾಕ್ಸು. ಕಚೇರಿ ತಿರುಗುವ ವಿದ್ಯೆ ಅವನಿಗೆ ಹತ್ತಿದ್ದು ಆಲಮಟ್ಟಿ ಹಿನ್ನೀರಿನ ಪರಿಹಾರದ ಕಾಲಕ್ಕೆ. ಮೊಮ್ಮಕ್ಕಳ ಹೆಸರು ತಪ್ಪಿದರೂ 519.60 ಮೀಟರು, 524.256 ಮೀಟರು ಎಂಬ ನೀರಿನ ಮಟ್ಟದ ಅಳತೆ ಇವತ್ತಿಗೂ ತಪ್ಪುವುದಿಲ್ಲ. ಪರಿಹಾರದ ಫೈಲುಗಳು ಕಡಿಮೆಯಾದ ಮೇಲೆ ಗಾಡಿಗಳಿಗೆ ಇಳಿದ.

2007ರ ಜುಲೈ 1ರಿಂದ ಸಾರಾಯಿ ಬಂದಾಯಿತು, ಕುಡಿಯುವವರು ಬಂದಾಗಲಿಲ್ಲ. ಪಟ್ಟಣದಿಂದ ಹಳ್ಳಿಯ ಗೂಡಂಗಡಿಗೆ ಬೈಕಿನ ಮೇಲೆ ಬಾಕ್ಸು ಬರತೊಡಗಿದವು. 90 ಎಂ.ಎಲ್. ಪಾಕೀಟು 96 ಇದ್ದರೆ ಪಂಚನಾಮೆಯಲ್ಲಿ 8 ಲೀಟರ್ 640 ಎಂ.ಎಲ್. ಒಯ್ಯುತ್ತಿದ್ದ ಹುಡುಗ ಜಾಮೀನಿನ ಮೇಲೆ ಮನೆಗೆ ಬಂದು ರೊಟ್ಟಿ ಉಣ್ಣುತ್ತಾನೆ. ಗಾಡಿ ಬರುವುದಿಲ್ಲ. 1965ರ ಕರ್ನಾಟಕ ಅಬಕಾರಿ ಕಾಯ್ದೆಯ ಪ್ರಕಾರ ಸೆರೆಯ ಜೊತೆ ಅದನ್ನು ಹೊತ್ತ ಗಾಡಿಯೂ ಮುಟ್ಟುಗೋಲಿಗೆ ಬರುತ್ತದೆ. ಮೈಮೇಲೆ ಬಿಳಿ ಬಣ್ಣದಲ್ಲಿ ಗುನ್ನಾ ನಂಬರು ಬರೆಸಿಕೊಂಡು, ಸೀಟು ಹರಿದು, ಗಾಲಿಯ ಗಾಳಿ ಹೋಗಿ, ಜಾಲಿಕಂಟಿಯ ಬುಡದಲ್ಲಿ ಮುದ್ದೇಮಾಲಾಗಿ ಮಳೆ ತಿನ್ನುತ್ತಿರುತ್ತದೆ.

ಅವಸರದವರು ಸೀದಾ ಬೀಳಗಿ ಕೋರ್ಟಿಗೆ ಓಡುತ್ತಾರೆ. ಕಾಕಾ ಅವರನ್ನು ಬಸ್‌ಸ್ಟ್ಯಾಂಡಿನಲ್ಲೇ ತಡೆಯುತ್ತಾನೆ. "ಮುಟ್ಟುಗೋಲಿನ ಕಾಗದ ಬಾಗಲಕೋಟಿ ಅಬಕಾರಿ ಡಿ.ಸಿ. ಸಾಹೇಬ್ರ ಮುಂದ ಹೋಗಿದ್ರ ಇಲ್ಲೇನ್ ಮಾಡ್ತಿ? ಮದಲ ಫೈಲ್ ಎಲ್ಲೈತಿ ನೋಡು." ಹೊಸ ವಕೀಲರೊಬ್ಬರು, "ಕಾಕಾ, ಗಾಡಿ ಬಿಡಿಸುವ ಅರ್ಜಿಗೆ ಈಗ ಕಲಂ 457 ಇಲ್ಲ, 2024ರ ಜುಲೈಯಿಂದ 503" ಎಂದು ತಿದ್ದಿದರು. "ನಂಬರ್ ಬದಲಾದ್ರ ಏನಾತ್ರಿ ವಕೀಲ್ರ, ಕಟಕಟಿ ಅದs ಅಲ್ಲೇನು?" ಎಂದ.

ಅವನ ಬ್ರಹ್ಮಾಸ್ತ್ರ 'ದೇಸಾಯರ ಕೇಸು'. ಹಿಡಿದ ಗಾಡಿಗಳನ್ನು ಠಾಣೆಯಲ್ಲಿ ಬಹಳ ದಿನ ಕೊಳೆಹಾಕುವುದರಿಂದ ಪ್ರಯೋಜನವಿಲ್ಲ, ಫೋಟೊ, ಪಂಚನಾಮೆ, ತಕ್ಕ ಬಾಂಡು ತೆಗೆದುಕೊಂಡು ಬಿಡಿ ಎಂದು ಸುಪ್ರೀಂ ಕೋರ್ಟು 2002ರಲ್ಲಿ ಹೇಳಿದ್ದು ಗುಜರಾತಿನ ಸುಂದರ್‌ಭಾಯಿ ಅಂಬಾಲಾಲ್ ದೇಸಾಯಿ ಪ್ರಕರಣದಲ್ಲಿ. ಕಾಕಾನ ಬಾಯಲ್ಲಿ ಆ ದೇಸಾಯಿ ಗುಜರಾತ್ ಬಿಟ್ಟು ಮುಧೋಳ ಕಡೆಯ ಯಾವುದೋ ವಾಡೆಗೆ ಬಂದು ನೆಲೆಸಿದ್ದಾನೆ. "ನಮ್ಮ ಮಂದೀನs ಅವ್ರು. ಗಾಡಿ ಸಲುವಾಗಿ ದಿಲ್ಲೀಮಟ ಹೋದ್ರು!"

ಆದರೂ ಗಟ್ಟಿ ವಿಷಯ ಅವನಿಗೆ ಗೊತ್ತು. ತನಗೆ ತಿಳಿಯದೆ ಗಾಡಿ ಬಳಕೆಯಾಯಿತು, ತಾನು ತಕ್ಕ ಎಚ್ಚರಿಕೆ ವಹಿಸಿದ್ದೆ ಎಂದು ಮಾಲಕ ತೋರಿಸಿಕೊಟ್ಟರೆ ಮುಟ್ಟುಗೋಲು ತಪ್ಪೀತು. ಹೀಗಾಗಿ, ಮಗ ಸಿಕ್ಕಿಬಿದ್ದಾಗ ಅಪ್ಪನಿಗೆ ಕಟ್ಟೆಯ ಮೇಲೆ ತಾಲೀಮು ಶುರು. ಊರಿನ ಎಲ್ಲರ ಮನೆ ಸುದ್ದಿ ಹೇಳುವ ಯಜಮಾನನಿಗೆ ಏನೂ ಗೊತ್ತಿಲ್ಲದವನಾಗುವುದನ್ನು ಕಲಿಸಬೇಕು.

"ಮಗ ಗಾಡಿ ಒಯ್ದಿದ್ದು?"

"ಗೊತ್ತಿಲ್ರಿ."

"ಬಾಕ್ಸಿನ್ಯಾಗ ಏನಿತ್ತು?"

"ಗೊತ್ತಿಲ್ರಿ."

"ಕೀಲಿ ಎಲ್ಲಿ ಇಟ್ಟಿದ್ದಿ?"

"ಗೊತ್ತಿಲ್ರಿ."

"ಹುಚ್ಚಪ್ಪಾ, ಕೀಲಿ ಗೊತ್ತಿರಬೇಕು! ಟ್ರೆಜರಿಯಾಗ ಇಟ್ಟಿದ್ದೆ ಅನ್ನು. ಎಚ್ಚರಿಕಿ ಅಂದ್ರ ಅದs."

ಇಷ್ಟೆಲ್ಲ ಕಲಿತ ಯಜಮಾನ ಸಾಹೇಬರ ಮುಂದೆ ನಿಂತ. ಆರ್‌ಸಿ ಬುಕ್ಕು ನೋಡಿ ಅವರು ಕೇಳಿದ ಮೊದಲ ಪ್ರಶ್ನೆ: "ಈ ಗಾಡಿ ನಿಮ್ಮದೇನ್ರಿ?"

"ನನಗೇನೂ ಗೊತ್ತಿಲ್ರಿ ಸಾಹೇಬ್ರ!"

ಕಾಕಾ ಹಿಂದಿನಿಂದ ಧೋತರ ಜಗ್ಗಿದ ರಭಸಕ್ಕೆ ಯಜಮಾನನಿಗೆ ಗಾಡಿಯ ನೆನಪಾಯಿತು.

ಫೀ ಎಂದು ಕಾಕಾ ಒಂದು ಪೈಸೆ ಮುಟ್ಟುವುದಿಲ್ಲ. ಚಹಾ, ಬಸ್ ಚಾರ್ಜು, ಝೆರಾಕ್ಸು, ಸಾಕು. ಆ ಝೆರಾಕ್ಸಿನ ಖರ್ಚು ಮಾತ್ರ ಗಾಡಿಯ ಕಿಮ್ಮತ್ತಿನ ಜೊತೆ ಏರುತ್ತ ಹೋಗುತ್ತದೆ: ಬೈಕಿಗೊಂದು, ಟಂಟಂಗೊಂದು, ಬೊಲೆರೊಗೊಂದು.

ಇಷ್ಟು ಗಾಡಿ ಬಿಡಿಸಿದವನ ಹತ್ತಿರ ಸ್ವಂತ ಸೈಕಲ್ಲೂ ಇಲ್ಲ. ಯಾಕೆಂದು ಕೇಳಿದೆ.

"ಗಾಡಿ ಇದ್ರ ಯಾವನರ ಬಂದು ಕೇಳ್ತಾನ. ಇಲ್ಲ ಅನ್ನಾಕ ಬರಂಗಿಲ್ಲ. ನಾಳೆ ಅದು ಸಿಕ್ರ, 'ನನಗ ಗೊತ್ತಿಲ್ರಿ' ಅಂತ ನಾ ಅಂದ್ರ ಈ ಜಿಲ್ಲಾದಾಗ ಯಾರ್ ನಂಬ್ತಾರ?"