ಗುತ್ತಿಗೆದಾರನೆಂಬ ಬ್ಯಾಂಕು: ಒಂದು ಶಾಸ್ತ್ರೀಯ ವಿವೇಚನೆ

ಸರ್ಕಾರ ಗುತ್ತಿಗೆದಾರರ ಬಿಲ್ಲು ಬಾಕಿ ಉಳಿಸಿಕೊಂಡಿದೆ ಎಂಬ ಲೋಕಾಪವಾದ ಅರ್ಥಶಾಸ್ತ್ರ ಓದದವರದು. ಗುತ್ತಿಗೆದಾರನೆಂದರೆ ಬೋರ್ಡು ಹಾಕದ ಬ್ಯಾಂಕು, ಬಾಕಿಯೆಂದರೆ ಅವನು ಸರ್ಕಾರಕ್ಕೆ ಕೊಟ್ಟ ಸಾಲ ಎಂಬುದೇ ಇಲ್ಲಿಯ ಸಿದ್ಧಾಂತ. ಅಧ್ಯಯನಕ್ಷೇತ್ರ ಹೈದರಾಬಾದಿನ ನಾರಾಯಣಗೂಡ. ಒಂದು ಕಡೆ ಸಚಿವಾಲಯ, ಇನ್ನೊಂದು ಕಡೆ ಮೂಸಿ ದಡದ ಹೈಕೋರ್ಟು, ಎರಡಕ್ಕೂ ಆಟೋದಲ್ಲಿ ಹೋಗಿಬರುವಷ್ಟೇ ದೂರ. ಅಲ್ಲಿನ ಪಾರ್ಕಿಗೆ ಹಳೆಯ ಹೈದರಾಬಾದ್ ರಾಜ್ಯದ ಹಣಕಾಸು ಸಚಿವರಾಗಿದ್ದ ಡಾ. ಜಿ.ಎಸ್. ಮೇಲ್ಕೋಟೆಯವರ ಹೆಸರಿರುವುದೂ ಶುಭಸೂಚಕ.

ಈ ಬಡಾವಣೆಯ ಗಲ್ಲಿಯೊಂದರಲ್ಲಿ ಚರಂಡಿ ಪೈಪು ಹೂತ ಸಣ್ಣ ಗುತ್ತಿಗೆದಾರನನ್ನು ಕಲ್ಪಿಸಿಕೊಳ್ಳೋಣ. ಎಂಜಿನಿಯರು ಎಂ.ಬಿ. ಎಂಬ ಅಳತೆ ಪುಸ್ತಕದಲ್ಲಿ ಉದ್ದ, ಅಗಲ, ಆಳ ಬರೆದು ಗುಣಿಸಿ, ಮೇಲಿನವರು ಮತ್ತೆ ಅಳೆದು ರುಜು ಹಾಕಿ, ಬಿಲ್ಲಿಗೆ ಟೋಕನ್ ನಂಬರು ಬಿದ್ದ ಕ್ಷಣ ಸಾಲ ಮಂಜೂರಾಯಿತೆಂದು ತಿಳಿಯಬೇಕು. ಕೊಟ್ಟವನೊಬ್ಬನಿಗೆ ಮಾತ್ರ ಅದಿನ್ನೂ ಗೊತ್ತಿರುವುದಿಲ್ಲ. ಸರ್ಕಾರ ಮಾರುಕಟ್ಟೆಯಲ್ಲಿ ಸಾಲ ಎತ್ತಿದರೆ ಬಡ್ಡಿ ಕಟ್ಟಬೇಕು, ವಿತ್ತೀಯ ಹೊಣೆಗಾರಿಕೆ ಕಾಯಿದೆಯ ಮಿತಿಯೊಳಗೆ ಲೆಕ್ಕ ತೋರಿಸಬೇಕು. (ಇಂಥ ಕಾಯಿದೆಯನ್ನು 2002ರಲ್ಲಿ ರಾಜ್ಯಗಳಲ್ಲೆಲ್ಲ ಮೊದಲಿಗೆ ಮಾಡಿದ ಕೀರ್ತಿ ಕರ್ನಾಟಕದ್ದು, ಬಾಕಿಗಾಗಿ ಅಲ್ಲಿಯ ಗುತ್ತಿಗೆದಾರರು ಹಾಕುವ ಕೂಗೂ ಸಣ್ಣದಲ್ಲ.) ನಗದು ಲೆಕ್ಕದ ಪದ್ಧತಿಯಲ್ಲಾದರೋ ಪಾವತಿಯಾಗದ ಬಿಲ್ಲು ಖರ್ಚೇ ಅಲ್ಲ. ಪೈಪು ಮಣ್ಣಿನಡಿ, ಸಾಲ ಕಡತದಡಿ.

ಕೋರ್ಟು ಇಲ್ಲವೆ ಎಂದು ಪೂರ್ವಪಕ್ಷಿ ಕೇಳಬಹುದು. ಇದೆ, ಸಾಲದ ಅವಧಿ ಬೆಳೆಯುವುದೇ ಅಲ್ಲಿ. ದಾವೆ ಹೂಡುವ ಮುಂಚೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 80ನೇ ಕಲಮಿನಂತೆ ಎರಡು ತಿಂಗಳ ನೋಟಿಸು; ಡಿಕ್ರಿಯಾದ ಮೇಲೂ 82ನೇ ಕಲಮಿನಂತೆ ಮೂರು ತಿಂಗಳು ಅಮಲ್ಜಾರಿ ಇಲ್ಲ. ರಿಟ್ ಹಾಕಿದರೆ, ಇದು ವಾಸ್ತವಾಂಶಗಳ ವಿವಾದ ಎಂದು ಇಲಾಖೆ ತಕರಾರು ಎತ್ತುತ್ತದೆ. ತಾನೇ ಅಳೆದು ತಾನೇ ರುಜು ಹಾಕಿದ್ದರ ಬಗ್ಗೆ ತನಗೇ ಸಂಶಯ ಹುಟ್ಟುವುದು ಜ್ಞಾನಿಗಳ ಲಕ್ಷಣ. ಕರಾರಿನ ವ್ಯಾಜ್ಯವೆಂಬ ಒಂದೇ ಕಾರಣಕ್ಕೆ ರಿಟ್ ತಳ್ಳಬೇಕಿಲ್ಲವೆಂದು 2003ರ ಎಬಿಎಲ್ ಇಂಟರ್‌ನ್ಯಾಷನಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿದ್ದು ನಿಜ. ಆದರೂ ಎಷ್ಟೋ ಸಲ ಕೈಗೆ ಸಿಗುವುದು ‘ಮನವಿಯನ್ನು ಪರಿಗಣಿಸಿ’ ಎಂಬ ಆದೇಶ. ಇಲಾಖೆ ಪರಿಗಣಿಸುತ್ತದೆ. ಅನುದಾನ ಬಂದಾಗ ಪಾವತಿಸಲಾಗುವುದೆಂದು ಹಿಂಬರಹ ಕೊಡುತ್ತದೆ.

ಈ ಶಾಸ್ತ್ರದ ಮೇರುಕೃತಿ ಬಂಗಾಳದ ಬಿ.ಕೆ. ಮಂಡಲ್ ಪ್ರಕರಣ. 1944ರಲ್ಲಿ ಆರಾಮ್‌ಬಾಗ್‌ನಲ್ಲಿ ನಾಗರಿಕ ಪೂರೈಕೆ ಇಲಾಖೆ ಈ ಗುತ್ತಿಗೆದಾರರಿಂದ ಕಚೇರಿ, ಅಡುಗೆಮನೆ ಮೊದಲಾದವನ್ನು ಕಟ್ಟಿಸಿಕೊಂಡಿತು. ದುಡ್ಡು ಕೇಳಿದಾಗ, ಕರಾರು ವಿಧಿವತ್ತಾಗಿ ಆಗಿಲ್ಲ ಎಂದಿತು. ಪ್ರಯೋಜನ ಉಂಡವರು ಪರಿಹಾರ ಕೊಡಬೇಕೆಂದು ಕರಾರು ಕಾಯಿದೆಯ 70ನೇ ಕಲಮಿನಡಿ ಸುಪ್ರೀಂ ಕೋರ್ಟು ತೀರ್ಪಿತ್ತದ್ದು 1961ರ ಡಿಸೆಂಬರಿನಲ್ಲಿ. ಅಷ್ಟರಲ್ಲಿ ಆ ಅಡುಗೆಮನೆಯಲ್ಲಿ ಅದೆಷ್ಟು ಅನ್ನ ಬೆಂದಿತ್ತೋ.

ಕೆಲಸವೇ ಕಳಪೆಯಾಗಿದ್ದರೆ ದುಡ್ಡೇಕೆ ಕೊಡಬೇಕು ಎಂಬ ಇನ್ನೊಂದು ಆಕ್ಷೇಪಕ್ಕೆ ತೂಕವಿದೆ. ಕಳಪೆ ಕಾಮಗಾರಿಯ ಗುಂಡಿಗಳನ್ನು ಯಾರೂ ಅಲ್ಲಗಳೆಯಲಾರರು. ಆದರೆ ಅದಕ್ಕೆ ಅಳತೆಯ ಹೊತ್ತಿಗೇ ಕಡಿತ ಮಾಡಬಹುದು, ಭದ್ರತಾ ಠೇವಣಿ ಮುಟ್ಟುಗೋಲು ಹಾಕಬಹುದು. ಚೆನ್ನಾಗಿದೆಯೆಂದು ರುಜು ಮಾಡಿ, ದುಡ್ಡು ಕೇಳಿದಾಗ ಮಾತ್ರ ಕಳಪೆಯನ್ನು ನೆನೆಯುವುದು ಗುಣಪರೀಕ್ಷೆ ಎನಿಸದು. ಇನ್ನು ಕಮಿಷನ್. ಕೆಂಪಣ್ಣನವರ ಅಧ್ಯಕ್ಷತೆಯ ಕರ್ನಾಟಕ ಗುತ್ತಿಗೆದಾರರ ಸಂಘ 2021ರಲ್ಲಿ ಪ್ರಧಾನಿಗೆ ಪತ್ರ ಬರೆದು ಶೇ. 40ರ ಆರೋಪ ಹೊರಿಸಿತು. ಆರೋಪ ನಿಜವೇ ಆಗಿದ್ದರೆ, ಸಾಲ ಕೊಡುವವನೇ ಪ್ರೊಸೆಸಿಂಗ್ ಫೀ ಕಟ್ಟುವ ಪದ್ಧತಿಯೆಂದು ಅದನ್ನು ನಮ್ಮ ಸಿದ್ಧಾಂತದೊಳಗೆ ಸಲೀಸಾಗಿ ಕೂರಿಸಬಹುದು. 2025ರ ಮಾರ್ಚಿನಲ್ಲಿ ತೆಲಂಗಾಣದ ಸಣ್ಣ ಗುತ್ತಿಗೆದಾರರು ಬಾಕಿಗಾಗಿ ಸಚಿವಾಲಯದಲ್ಲಿ ಹಣಕಾಸು ಸಚಿವರ ಕೊಠಡಿಯ ಮುಂದೆಯೇ ಧರಣಿ ಕೂತರು. ಅದು ಧರಣಿಯಲ್ಲ, ಬ್ಯಾಂಕಿನ ವಸೂಲಾತಿ ವಿಭಾಗ.

ಹಾಗಾದರೆ ಇವರಿಗೆ ರಿಸರ್ವ್ ಬ್ಯಾಂಕು ಲೈಸೆನ್ಸು ಕೊಡಬಾರದೇಕೆ? ತೊಡಕು ಎರಡು. ಒಬ್ಬನೇ ಗಿರಾಕಿಗೆ ಇದ್ದಬದ್ದ ಬಂಡವಾಳವನ್ನೆಲ್ಲ ಸುರಿಯಲು ನಿಯಮ ಒಪ್ಪುವುದಿಲ್ಲ. 90 ದಿನ ಕಂತು ಬಾರದ ಸಾಲ ಅನುತ್ಪಾದಕವೆನಿಸುತ್ತದೆ. ಪೈಪು ಕೊಳ್ಳಲು ಗುತ್ತಿಗೆದಾರ ನಿಜವಾದ ಬ್ಯಾಂಕಿನಿಂದ ತಂದ ಸಾಲಕ್ಕೂ ಇದೇ 90 ದಿನದ ಲೆಕ್ಕ. ಆ ಬ್ಯಾಂಕಿನ ಸುಸ್ತಿದಾರರ ಪಟ್ಟಿಗೆ ಏರುವುದು ಅವನ ಹೆಸರು, ಇಲಾಖೆಯದಲ್ಲ.