ಡ್ರೈವರ್ ಇಲ್ಲದ ಸ್ಕ್ಯಾನರ್ ಜತೆ ನಾಲ್ಕು ಮಾತು

ತಾಲ್ಲೂಕು ಕಚೇರಿ ಎದುರಿನ ಜೆರಾಕ್ಸ್ ಅಂಗಡಿ. ಲ್ಯಾಮಿನೇಶನ್ ಯಂತ್ರದ ಕೆಳಗಿನ ಹಲಗೆಯಲ್ಲಿ ಬೂದು ಬಣ್ಣದ ಸ್ಕ್ಯಾನರ್. ಅದರ ತಲೆಯ ಮೇಲೆ ಎ4 ಹಾಳೆಯ ಕಟ್ಟು, ಕಟ್ಟಿನ ಮೇಲೆ ಮಾಲೀಕರ ಊಟದ ಡಬ್ಬಿ. ಡಬ್ಬಿ ಇಳಿಸಿ ಮಾತಿಗೆ ಕೂತೆವು.

ಆರೋಗ್ಯ ಹೇಗಿದೆ?

ನನಗೇನಾಗಿದೆ ಸ್ವಾಮಿ? 2005ರಲ್ಲಿ ಬಂದವನು. ಗಾಜಿಗೆ ಒಂದು ಗೀರಿಲ್ಲ. ದೀಪ ಹತ್ತುತ್ತೆ, ಬೆಲ್ಟು ಓಡುತ್ತೆ. ಪ್ರತ್ಯೇಕ ಪ್ಲಗ್ಗೂ ಬೇಡ, ಯುಎಸ್‌ಬಿ ವೈರಿನಲ್ಲಿ ಬರೋ ಕರೆಂಟೇ ಸಾಕು. 1200 ಡಿಪಿಐವರೆಗೆ ಓದ್ತೀನಿ. ಇಲ್ಲಿನ ಗಿರಾಕಿಗಳಿಗೆ ಬೇಕಾಗಿರೋದು ನೂರು ಕೆಬಿ ಮೀರದ ಮಾರ್ಕ್ಸ್ ಕಾರ್ಡು, ಆ ಮಾತು ಬಿಡಿ.

ಮತ್ತೆ ಈ ಡಬ್ಬಿ ಹೊರುವ ಕೆಲಸ?

ಡ್ರೈವರ್ ಇಲ್ಲ, ಅಂದರೆ ನನ್ನ ಮಾತು ಕಂಪ್ಯೂಟರಿಗೆ ತಿಳಿಸೋ ತಂತ್ರಾಂಶ. ನನ್ನದು ವಿಂಡೋಸ್ ಎಕ್ಸ್‌ಪಿ ಕಾಲದ 32 ಬಿಟ್ ಡ್ರೈವರ್. ಎಕ್ಸ್‌ಪಿಗೆ 2014ರ ಏಪ್ರಿಲ್‌ನಲ್ಲೇ ಎಳ್ಳುನೀರು ಬಿಟ್ಟರು. 64 ಬಿಟ್ ವಿಂಡೋಸ್ ಹಳೆಯ 32 ಬಿಟ್ ಪ್ರೋಗ್ರಾಮುಗಳನ್ನು ಇವತ್ತಿಗೂ ಓಡಿಸುತ್ತೆ, ಆದರೆ ತನ್ನ ಗರ್ಭಗುಡಿಗೆ, ಅಂದರೆ ಕರ್ನಲ್‌ಗೆ, 32 ಬಿಟ್ ಡ್ರೈವರ್ ಸೇರಿಸಲ್ಲ. ವಿಂಡೋಸ್ 11ರಲ್ಲಂತೂ 32 ಬಿಟ್ ಆವೃತ್ತಿಯೇ ಇಲ್ಲ.

ತಯಾರಿಸಿದ ಕಂಪನಿ ಏನನ್ನುತ್ತೆ?

ಅವರ ಹೆಸರು ಹಾಕಬೇಡಿ, ತವರುಮನೆ. ನನಗೆ ಹೊಸ ಡ್ರೈವರ್ ಬರೆಯಲಿಲ್ಲ, ಬರೆಯೋಕೆ ಸಿದ್ಧ ಇದ್ದವರಿಗೆ ಸೋರ್ಸ್ ಕೋಡೂ ಕೊಡಲಿಲ್ಲ. ಆದರೆ ನನ್ನ ತಮ್ಮ, ಮುಂದಿನ ಮಾಡೆಲ್, ಅವನಿಗೆ 64 ಬಿಟ್ ಡ್ರೈವರ್ ಸಿಕ್ಕಿತು. ಬಿಚ್ಚಿ ನೋಡಿದರೆ ಇಬ್ಬರದೂ ಹೆಚ್ಚುಕಮ್ಮಿ ಒಂದೇ ಮಾಲು.

ಅದನ್ನೇ ನಿಮಗೂ ಹಾಕಬಹುದಿತ್ತಲ್ಲ?

ಅಂಗಡಿ ಹುಡುಗ ಹಾಕಿದ! ಡ್ರೈವರ್ ಜತೆ ಐಎನ್ಎಫ್ ಅಂತ ಒಂದು ಫೈಲ್ ಬರುತ್ತೆ. ಯಾವ ಕಂಪನಿಯ ಯಾವ ಸಾಧನಕ್ಕೆ ಈ ಡ್ರೈವರ್ ಅನ್ನೋ ನಂಬರೆಲ್ಲ ಅದರಲ್ಲಿರುತ್ತೆ, ನೋಟ್‌ಪ್ಯಾಡಿನಲ್ಲೇ ತಿದ್ದಬಹುದು. ತಮ್ಮನ ನಂಬರಿನ ಕೆಳಗೆ ನನ್ನ ನಂಬರು ಬರೆದ, ರೇಷನ್ ಕಾರ್ಡಿಗೆ ಹೆಸರು ಸೇರಿಸಿದ ಹಾಗೆ.

ವಿಂಡೋಸ್ ಒಪ್ಪಿತೇ?

ಸಹಿ ಕೇಳಿತು. ಆ ಫೈಲಿನಲ್ಲಿ ಒಂದಕ್ಷರ ಆಚೀಚೆ ಆದರೂ ಡಿಜಿಟಲ್ ಸಹಿ ಹೊಂದಲ್ಲ. ಹುಡುಗ ಬಿಡಲಿಲ್ಲ, ಕಂಪ್ಯೂಟರ್ ರೀಸ್ಟಾರ್ಟ್ ಮಾಡಿ, ಸ್ಟಾರ್ಟಪ್ ಸೆಟ್ಟಿಂಗ್ಸಿಗೆ ಹೋಗಿ, ಏಳನೇ ಆಯ್ಕೆ ಒತ್ತಿ, ಅದೊಂದು ಸಲ ಸಹಿ ಕೇಳದ ಹಾಗೆ ಮಾಡಿದ. ಒಂದು ಮಳೆಗಾಲ ಪೂರ್ತಿ ಪಹಣಿ ಓದಿದೆ. ಆಮೇಲೆ ದೊಡ್ಡ ಅಪ್‌ಡೇಟ್ ಬಂತು, ನಾನು ಮತ್ತೆ ಹಲಗೆಗೆ ಬಂದೆ.

ಸಹಿ ಕೇಳುವುದು ಸುರಕ್ಷತೆಗಾಗಿ ಅಲ್ಲವೇ?

ಹೌದು, ಇಲ್ಲ ಅನ್ನಲ್ಲ. ಕರ್ನಲ್‌ಗೆ ಹೊಕ್ಕ ಕೆಟ್ಟ ಡ್ರೈವರ್ ಇಡೀ ಯಂತ್ರವನ್ನೇ ಮಲಗಿಸುತ್ತೆ, ನೀಲಿ ಪರದೆ ನೀವೂ ನೋಡಿದ್ದೀರಿ. ಆದರೆ 2010ರಲ್ಲಿ ಸಿಕ್ಕಿಬಿದ್ದ ಸ್ಟಕ್ಸ್‌ನೆಟ್ ಅನ್ನೋ ಕಂಪ್ಯೂಟರ್ ಹುಳ ಇತ್ತಲ್ಲ, ಇರಾನಿನ ಅಣುಕೇಂದ್ರಕ್ಕೆ ನುಗ್ಗಿದ್ದು? ಅದರ ಡ್ರೈವರ್ ಮೇಲೆ ರಿಯಲ್‌ಟೆಕ್‌ನಿಂದ ಕದ್ದ ಸರ್ಟಿಫಿಕೇಟಿನ ಸಹಿ ಇತ್ತು. ಕಾಗದಪತ್ರ ಎಲ್ಲ ಸರಿಯಾಗಿಟ್ಟುಕೊಂಡವನು ಅವನು. ಸಹಿ ಇಲ್ಲದೆ ಸಿಕ್ಕಿಬಿದ್ದವನು ಪಹಣಿ ಓದೋ ನಾನು.

ಬೇರೆ ದಾರಿ ಇರಲಿಲ್ಲವೇ?

ಇದ್ದವು. ವರ್ಚುವಲ್ ಮೆಷೀನ್ ಅಂತ ಕಂಪ್ಯೂಟರಿನೊಳಗೇ ಇನ್ನೊಂದು ಕಂಪ್ಯೂಟರ್ ಸೃಷ್ಟಿಸಿ, ಅದರಲ್ಲಿ ಎಕ್ಸ್‌ಪಿಗೆ ಜೀವ ಕೊಟ್ಟು, ಇಂಟರ್ನೆಟ್ ತಾಗದ ಹಾಗೆ ಮಡಿಯಲ್ಲಿಟ್ಟು, ನನ್ನನ್ನು ಅದಕ್ಕೆ ಕೊಟ್ಟರು. ಒಂದು ಆಧಾರ್ ಪ್ರತಿಗೆ ಇಷ್ಟು ಅದ್ಧೂರಿ ಏಕೆ ಅಂತ ಮಾಲೀಕರೇ ನಿಲ್ಲಿಸಿದರು. ಕೊನೆಗೆ ಹುಡುಗ ವಿಂಡೋಸ್ ಬದಲು ಪೆನ್‌ಡ್ರೈವಿನಿಂದ ಉಬುಂಟು ಏಳಿಸಿದ. ನನ್ನನ್ನು ಚುಚ್ಚಿದ್ದೇ ತಡ, ಗುರುತು ಹಿಡಿಯಿತು! ಸಿಡಿ ಕೇಳಲಿಲ್ಲ, ಸಹಿ ಕೇಳಲಿಲ್ಲ. ಸೇನ್ ಅನ್ನೋ ತಂತ್ರಾಂಶದಲ್ಲಿ ನನ್ನಂಥ ಮುದುಕರಿಗೆಲ್ಲ ಜಾಗ ಇದೆ. ಯಾರೋ ಪುಣ್ಯಾತ್ಮರು ಯುಎಸ್‌ಬಿಯಲ್ಲಿ ಹರಿಯೋ ಮಾಹಿತಿ ಕದ್ದು ಕೇಳಿ, ಯಾವ ಆಜ್ಞೆಗೆ ದೀಪ, ಯಾವ ಆಜ್ಞೆಗೆ ಮೋಟರು ಅಂತ ಊಹಿಸಿ ಊಹಿಸಿ ಇಂಥ ಡ್ರೈವರುಗಳನ್ನ ಬರೀತಾರೆ.

ಬಿಟ್ಟಿಗೇ?

ಬಿಟ್ಟಿಗೇ. ಸೋರ್ಸ್ ಕೋಡ್ ಎಲ್ಲರಿಗೂ ತೆರೆದಿಡೋ ಈ ಸ್ವತಂತ್ರ ತಂತ್ರಾಂಶ ಚಳವಳಿಯ ಮೂಲದಲ್ಲೂ ನಮ್ಮವನೊಬ್ಬನಿದ್ದಾನೆ, ಅಮೆರಿಕದ ಎಂಐಟಿಯಲ್ಲಿದ್ದ ಜೆರಾಕ್ಸ್ ಕಂಪನಿಯ ಪ್ರಿಂಟರ್. ಅವನು ಆಗಾಗ ಹಾಳೆ ಸಿಕ್ಕಿಸಿಕೊಳ್ಳುತ್ತಿದ್ದ. ಸರಿಮಾಡ್ತೀನಿ, ಸೋರ್ಸ್ ಕೋಡ್ ಕೊಡಿ ಅಂದ ರಿಚರ್ಡ್ ಸ್ಟಾಲ್‌ಮನ್‌ಗೆ ಸಿಗಲಿಲ್ಲ. ಆ ಸಿಟ್ಟು ಒಳಗೇ ಕುದ್ದು 1983ರಲ್ಲಿ ಗ್ನೂ ಯೋಜನೆ ಘೋಷಣೆ ಆಯಿತು.

ಹಾಗಾದರೆ ಈ ಅಂಗಡಿಯಲ್ಲಿ ಉಬುಂಟು ಏಕೆ ಉಳಿಯಲಿಲ್ಲ?

ಮಾಲೀಕರು ಬಂದು ನೋಡಿದರು. "ನುಡಿ ಎಲ್ಲಿ? ಟ್ಯಾಲಿ ಎಲ್ಲಿ?" ಅಂದರು. ಹುಡುಗ ಪೆನ್‌ಡ್ರೈವ್ ಕಿತ್ತು ಜೇಬಿಗಿಟ್ಟುಕೊಂಡ.

ಕೊನೆಗೆ ನಿಮ್ಮದೊಂದು ಚಿತ್ರ ಬೇಕಿತ್ತು.

ಧಾರಾಳವಾಗಿ. ಯಾವುದರಲ್ಲಿ ತೆಗೀತೀರಿ?

ಮೊಬೈಲಿನಲ್ಲಿ. ಸ್ಕ್ಯಾನ್ ಮಾಡುವ ಆ್ಯಪ್ ಇದೆ.

ಆ ಡಬ್ಬಿ ಇತ್ತ ಎತ್ತಿಡಿ ಸ್ವಾಮಿ, ನೀವು ಹೊರಡಿ.